ಫಿರೋಜ್ ಖಾನ್ (ನಟ)

ಫಿರೋಜ್ ಖಾನ್ (25 ಸೆಪ್ಟೆಂಬರ್ 1939 – 27 ಏಪ್ರಿಲ್ 2009) ಬೆಂಗಳೂರಿನಲ್ಲಿ ಜನಿಸಿ ಹಿಂದಿ ಚಿತ್ರರಂಗದಲ್ಲಿ ಹೆಸರು ಮಾಡಿದ ನಟ, ನಿರ್ಮಾಪಕ ಹಾಗೂ ನಿರ್ದೇಶಕ. 1960ರ ದಶಕದ ಬಹುಭಾಗವನ್ನು ಅವರು ಕಡಿಮೆ ವೆಚ್ಚದ ಸಾಹಸಚಿತ್ರಗಳಲ್ಲಿ ಮತ್ತು ದೊಡ್ಡ ಚಿತ್ರಗಳ ಎರಡನೆಯ ನಾಯಕನ ಪಾತ್ರಗಳಲ್ಲಿ ಕಳೆದರು. ನಟನಾಗಿ ಅವರಿಗೆ ದೊರೆತ ಮುಖ್ಯ ಪ್ರಶಸ್ತಿಯೂ ಪೋಷಕ ಪಾತ್ರಕ್ಕೇ ಸಂದಿತು. ಯಶ್ ಚೋಪ್ರಾ ನಿರ್ದೇಶನದ ‘ಆದ್ಮಿ ಔರ್ ಇನ್ಸಾನ್’ ಚಿತ್ರದ ಅಭಿನಯಕ್ಕಾಗಿ ಅವರು ಫಿಲ್ಮ್‌ಫೇರ್ ಅತ್ಯುತ್ತಮ ಪೋಷಕ ನಟ ಪ್ರಶಸ್ತಿ ಪಡೆದರು. 1972ರಿಂದ ಸ್ವತಃ ಚಿತ್ರಗಳನ್ನು ನಿರ್ಮಿಸಿ ನಿರ್ದೇಶಿಸತೊಡಗಿದ ಅವರ ‘ಧರ್ಮಾತ್ಮಾ’ (1975) ಮತ್ತು ‘ಕುರ್ಬಾನಿ’ (1980) ಅಪಾರ ಜನಪ್ರಿಯತೆ ಗಳಿಸಿದವು. ಕುದುರೆ, ಬಂದೂಕು, ಮೋಟಾರು ವಾಹನಗಳ ಸುತ್ತ ಹೆಣೆದ ಕಥೆಗಳಿಂದಾಗಿ ಅವರನ್ನು ಅಮೆರಿಕದ ‘ವೆಸ್ಟರ್ನ್’ ಚಿತ್ರಗಳ ನಾಯಕರಿಗೆ, ವಿಶೇಷವಾಗಿ ಕ್ಲಿಂಟ್ ಈಸ್ಟ್‌ವುಡ್ ಅವರಿಗೆ, ಹೋಲಿಸುವುದು ರೂಢಿಯಾಯಿತು.

ಜನನ ಮತ್ತು ಹಿನ್ನೆಲೆ

ಫಿರೋಜ್ ಖಾನ್ ಅವರ ತಂದೆ ಸಾದಿಕ್ ಅಲಿ ಖಾನ್ ತನೋಲಿ ಅಫ್ಘಾನಿಸ್ತಾನದ ಘಜ್ನಿ ಮೂಲದ ಪಠಾಣರು. ತಾಯಿ ಫಾತಿಮಾ ಇರಾನಿ ಮೂಲದ ಮನೆತನದವರು. ಮುಂದೆ ನಟರಾಗಿಯೂ ನಿರ್ದೇಶಕರಾಗಿಯೂ ಪ್ರಸಿದ್ಧರಾದ ಸಂಜಯ್ ಖಾನ್ ಮತ್ತು ಅಕ್ಬರ್ ಖಾನ್ ಅವರ ತಮ್ಮಂದಿರು.

ಪಠಾಣ ತಂದೆ, ಇರಾನಿ ಮೂಲದ ತಾಯಿ ಎಂಬ ಸಂಗತಿ ಇಂದಿನ ಓದುಗರಿಗೆ ವಿಶೇಷವೆಂದು ತೋರಬಹುದು. ಆದರೆ ಅಂದಿನ ಬೆಂಗಳೂರು ದಂಡು ಪ್ರದೇಶದಲ್ಲಿ ಅದು ಅಪರೂಪವೇನೂ ಆಗಿರಲಿಲ್ಲ. ಬ್ರಿಟಿಷ್ ಸೇನೆಗಾಗಿ 1809ರಲ್ಲಿ ಹಲಸೂರಿನ ಬಳಿ ನೆಲೆಗೊಂಡ ದಂಡು, ತನ್ನ ಸುತ್ತ ತಮಿಳು, ದಖನಿ ಉರ್ದು, ತೆಲುಗು, ಇಂಗ್ಲಿಷ್ ಮಾತನಾಡುವವರ ಪ್ರತ್ಯೇಕ ಊರೊಂದನ್ನೇ ಬೆಳೆಸಿತ್ತು. ಸೇನೆಗೆ ಕುದುರೆಗಳು ಬೇಕಾಗಿದ್ದುದರಿಂದ ಪರ್ಷಿಯಾದ ಕುದುರೆ ವ್ಯಾಪಾರಿಗಳೂ ಇಲ್ಲಿಗೆ ಬಂದು ನೆಲೆಸಿದರು. ಶಿರಾಜ್‌ನಿಂದ ಬಂದ ಆಗಾ ಅಲಿ ಅಸ್ಕರ್ ಇವರಲ್ಲಿ ಪ್ರಮುಖರು. ಮೈಸೂರಿನ ದಿವಾನರಾಗಿದ್ದ ಸರ್ ಮಿರ್ಜಾ ಇಸ್ಮಾಯಿಲ್ ಅವರ ಮೊಮ್ಮಗ. ರಿಚ್ಮಂಡ್ ಟೌನ್ ಮತ್ತು ಹೊಸೂರು ರಸ್ತೆಯ ಆಸುಪಾಸಿನಲ್ಲಿ ಬೆಳೆದ ಈ ಇರಾನಿ ಮೂಲದ ಸಮುದಾಯದ ಗುರುತುಗಳು ಮಸ್ಜಿದ್-ಎ-ಅಸ್ಕರಿಯಲ್ಲಿ, ಅಲಿ ಅಸ್ಕರ್ ರಸ್ತೆಯ ಹೆಸರಿನಲ್ಲಿ ಇಂದಿಗೂ ಉಳಿದಿವೆ. ಅಲಿ ಅಸ್ಕರ್ ಮನೆತನಕ್ಕೂ ಫಿರೋಜ್ ಖಾನ್ ಕುಟುಂಬಕ್ಕೂ ನಂಟಿತ್ತೆಂದು ಇದರ ಅರ್ಥವಲ್ಲ. ಫಿರೋಜ್ ಹುಟ್ಟಿದ ಊರು ಎಂಥದ್ದೆಂಬುದನ್ನು ತಿಳಿಯಲು ಮಾತ್ರ ಈ ಚರಿತ್ರೆ ನೆರವಾಗುತ್ತದೆ.

ವಿದ್ಯಾಭ್ಯಾಸ

ಅವರ ಶಾಲಾ ಶಿಕ್ಷಣ ನಡೆದದ್ದು ದಂಡು ಪ್ರದೇಶದ ಎರಡು ಹೆಸರಾಂತ ಶಾಲೆಗಳಲ್ಲಿ. ಒಂದು 1865ರಲ್ಲಿ ಆರಂಭವಾದ ಬಿಷಪ್ ಕಾಟನ್ ಬಾಲಕರ ಶಾಲೆ. ಇನ್ನೊಂದು ಫ್ರೇಜರ್ ಟೌನ್ ಬಳಿಯ ಪ್ರಾಮೆನೇಡ್ ರಸ್ತೆಯಲ್ಲಿರುವ ಸೇಂಟ್ ಜರ್ಮೇನ್ ಶಾಲೆ. ದಂಡು ಪ್ರದೇಶ ಬ್ರಿಟಿಷರ ನೇರ ಆಡಳಿತದಿಂದ ಮೈಸೂರು ಸಂಸ್ಥಾನಕ್ಕೆ ಮರಳಿದ್ದು 1947ರ ಜುಲೈನಲ್ಲಿ. ಎರಡು ವರ್ಷಗಳ ಬಳಿಕ, 1949ರಲ್ಲಿ, ಅದು ನಗರದೊಂದಿಗೆ ಒಂದೇ ಪೌರಾಡಳಿತಕ್ಕೆ ಸೇರಿತು. ಫಿರೋಜ್ ಅವರ ಬಾಲ್ಯ ಈ ಸ್ಥಿತ್ಯಂತರದ ಕಾಲದಲ್ಲಿ ಕಳೆಯಿತು.

ಸಿನಿಮಾದ ವಿಷಯದಲ್ಲೂ ದಂಡು ಪ್ರದೇಶ ಪೇಟೆಗಿಂತ ಭಿನ್ನವಾಗಿತ್ತು. ಪ್ಲಾಜಾ, ಬಿ.ಆರ್.ವಿ., ಒಪೆರಾ ಮೊದಲಾದ ಚಿತ್ರಮಂದಿರಗಳಲ್ಲಿ ಹಾಲಿವುಡ್ ಚಿತ್ರಗಳು ನಡೆಯುತ್ತಿದ್ದವು. ಶಿವಾಜಿನಗರದ ಎಲ್ಜಿನ್ ಟಾಕೀಸಿನಂಥ ಕಡೆಗಳಲ್ಲಿ ಹಿಂದಿ ಮತ್ತು ತಮಿಳು ಚಿತ್ರಗಳಿಗೆ ಪ್ರೇಕ್ಷಕರು ಕಿಕ್ಕಿರಿಯುತ್ತಿದ್ದರು. ಇಂಗ್ಲಿಷ್ ಚಿತ್ರಗಳ ಉಡುಗೆ ಮತ್ತು ನಡಿಗೆ, ಉರ್ದು ಸಂಭಾಷಣೆಯ ಲಯ – ಇವೆರಡೂ ಫಿರೋಜ್ ಖಾನ್ ಅವರ ಮುಂದಿನ ಅಭಿನಯದಲ್ಲಿ ಒಟ್ಟಿಗೆ ಕಾಣಿಸುತ್ತವೆ. ಹಿಂದಿ ಚಿತ್ರಗಳ ಸಮಕಾಲೀನ ನಾಯಕರಲ್ಲಿ ಹಲವರು ಪಂಜಾಬಿನಿಂದಲೋ ಉತ್ತರ ಪ್ರದೇಶದಿಂದಲೋ ಬಂದವರು. ಅವರ ನಡುವೆ ಈ ನಟನಲ್ಲಿ ಕಂಡ ಪರದೇಶೀ ಛಾಯೆಯನ್ನು ವಿಮರ್ಶಕರು ಹಾಲಿವುಡ್ ಅನುಕರಣೆಯೆಂದು ಬಗೆದದ್ದುಂಟು. ಅದರಲ್ಲಿ ದಂಡಿನ ಪಾಲೂ ಇದ್ದಿರಬೇಕೆಂದು ಭಾವಿಸಲು ಅವಕಾಶವಿದೆ.

ಎರಡನೆಯ ಸಾಲಿನ ದಶಕ

ಮುಂಬಯಿಗೆ ತೆರಳಿದ ಫಿರೋಜ್ ಖಾನ್ 1960ರಲ್ಲಿ ‘ದೀದಿ’ ಚಿತ್ರದ ಎರಡನೆಯ ನಾಯಕನ ಪಾತ್ರದಿಂದ ತೆರೆಯ ಮೇಲೆ ಕಾಣಿಸಿಕೊಂಡರು. ಮುಂದಿನ ನಾಲ್ಕೈದು ವರ್ಷಗಳಲ್ಲಿ ಅವರಿಗೆ ದೊರೆತ ನಾಯಕನ ಪಾತ್ರಗಳೆಲ್ಲ ಬಹುಮಟ್ಟಿಗೆ ‘ಬಿ ದರ್ಜೆ’ಯವೆಂದು ಉದ್ಯಮ ಕರೆಯುತ್ತಿದ್ದ ಚಿತ್ರಗಳಲ್ಲಿದ್ದವು. ಪತ್ತೇದಾರಿ, ಮಾಯಾಜಾಲ, ಕುಸ್ತಿ, ಕತ್ತಿವರಸೆ, ಡಕಾಯಿತರ ಕಥೆ – ಇವು ಆ ಚಿತ್ರಗಳ ಸರಕು. ವೆಚ್ಚ ಕಡಿಮೆ, ಚಿತ್ರೀಕರಣ ತ್ವರಿತ, ಹೆಸರಾಂತ ನಾಯಕಿಯರು ಜೊತೆಗೆ ನಟಿಸಲು ಒಪ್ಪುತ್ತಿರಲಿಲ್ಲ. ನಗರಗಳ ದೊಡ್ಡ ಚಿತ್ರಮಂದಿರಗಳಿಗಿಂತ ಸಣ್ಣ ಊರುಗಳ ಟಾಕೀಸುಗಳಲ್ಲಿ, ಬೆಳಗಿನ ಆಟಗಳಲ್ಲಿ ಅವು ಹಣ ಮಾಡುತ್ತಿದ್ದವು. ಪತ್ರಿಕೆಗಳು ಅವುಗಳ ಬಗ್ಗೆ ಹೆಚ್ಚು ಬರೆಯುತ್ತಿರಲಿಲ್ಲ. ಒಮ್ಮೆ ಈ ವರ್ಗಕ್ಕೆ ಸೇರಿದ ನಟನಿಗೆ ಮೇಲಿನ ಸಾಲಿಗೆ ಏರುವುದು ಬಲು ಕಷ್ಟವಾಗಿತ್ತು.

‘ರಿಪೋರ್ಟರ್ ರಾಜು’ (1962), ಹೋಮಿ ವಾಡಿಯಾ ನಿರ್ದೇಶಿಸಿದ ಅದ್ಭುತಕಥೆ ‘ಚಾರ್ ದರ್ವೇಶ್’ (1964), ಕುಸ್ತಿಪಟು ದಾರಾ ಸಿಂಗ್ ಮತ್ತು ಮುಮ್ತಾಜ್ ಅವರೊಂದಿಗಿನ ‘ಸ್ಯಾಮ್ಸನ್’ (1964), ‘ಏಕ್ ಸಪೇರಾ ಏಕ್ ಲುಟೇರಾ’ (1965) ಈ ಅವಧಿಯ ಚಿತ್ರಗಳು. ಮುಮ್ತಾಜ್ ಕೂಡ ಸಾಹಸಚಿತ್ರಗಳ ನಾಯಕಿಯೆಂಬ ಹಣೆಪಟ್ಟಿ ಹೊತ್ತೇ ಬೆಳೆದವರು. ಇಬ್ಬರೂ ಮುಂದೆ ‘ಆದ್ಮಿ ಔರ್ ಇನ್ಸಾನ್’, ‘ಮೇಲಾ’, ‘ಅಪರಾಧ್’ ಚಿತ್ರಗಳಲ್ಲಿ ಮತ್ತೆ ಮತ್ತೆ ಜೊತೆಯಾದದ್ದು ಸಹಜವೇ. ದಶಕಗಳ ನಂತರ ಫಿರೋಜ್ ಖಾನ್ ಅವರ ಮಗ ಫರ್ದೀನ್ ಮುಮ್ತಾಜ್ ಅವರ ಮಗಳನ್ನು ವಿವಾಹವಾಗಿ, ಈ ಎರಡು ಕುಟುಂಬಗಳ ನಡುವೆ ಬೀಗತನವೂ ಏರ್ಪಟ್ಟಿತು.

1962ರಲ್ಲೇ ತೆರೆಕಂಡ ‘ಟಾರ್ಜನ್ ಗೋಸ್ ಟು ಇಂಡಿಯಾ’ ಎಂಬ ಇಂಗ್ಲಿಷ್ ಚಿತ್ರವನ್ನು ಇಲ್ಲಿ ಪ್ರತ್ಯೇಕವಾಗಿ ಹೆಸರಿಸಬೇಕು. ಜಾನ್ ಗಿಲ್ಲರ್ಮಿನ್ ನಿರ್ದೇಶಿಸಿದ ಈ ಚಿತ್ರ ಭಾರತದಲ್ಲಿಯೇ ಚಿತ್ರಿತವಾಯಿತು. ಜಾಕ್ ಮಹೋನಿ ಟಾರ್ಜನ್ ಪಾತ್ರದಲ್ಲಿದ್ದರು. ಹೊಸ ಅಣೆಕಟ್ಟಿನಿಂದ ಮುಳುಗಡೆಯಾಗಲಿರುವ ಕಣಿವೆಯೊಂದರಿಂದ ಆನೆಗಳ ಹಿಂಡನ್ನು ಪಾರುಮಾಡುವುದು ಕಥೆಯ ವಸ್ತು. ಫಿರೋಜ್ ಖಾನ್ ರಾಜಕುಮಾರನಾಗಿಯೂ ಸಿಮಿ ಗರೇವಾಲ್ ರಾಜಕುಮಾರಿಯಾಗಿಯೂ ನಟಿಸಿದರು. ಆಗಿನ ಭಾರತೀಯ ನಟರಲ್ಲಿ ಹಾಲಿವುಡ್ ಸಂಸ್ಥೆಯ ಚಿತ್ರವೊಂದರಲ್ಲಿ ಸಲೀಸಾಗಿ ಇಂಗ್ಲಿಷ್ ಮಾತನಾಡುವ ಪಾತ್ರ ಪಡೆದವರು ವಿರಳ. ಬೆಂಗಳೂರಿನ ಶಾಲೆಗಳ ಇಂಗ್ಲಿಷ್ ಇಲ್ಲಿ ಉಪಯೋಗಕ್ಕೆ ಬಂದಿತು. ಆದರೂ ಈ ಚಿತ್ರದಿಂದ ಅವರ ಸ್ಥಾನಮಾನವೇನೂ ಬದಲಾಗಲಿಲ್ಲ. ಅವರು ಮತ್ತೆ ಸಾಹಸಚಿತ್ರಗಳಿಗೇ ಮರಳಿದರು.

ಪೋಷಕ ಪಾತ್ರಗಳು

ಬದಲಾವಣೆ ಬಂದದ್ದು 1965ರಲ್ಲಿ, ಎರಡು ಚಿತ್ರಗಳ ಮೂಲಕ. ಎರಡರಲ್ಲೂ ಅವರದು ಪೋಷಕ ಪಾತ್ರ.

ಫಣಿ ಮಜುಂದಾರ್ ನಿರ್ದೇಶನದ ‘ಊಂಚೇ ಲೋಗ್’ ತಮಿಳಿನ ಕೆ. ಬಾಲಚಂದರ್ ಅವರ ‘ಮೇಜರ್ ಚಂದ್ರಕಾಂತ್’ ನಾಟಕವನ್ನು ಆಧರಿಸಿದ ಚಿತ್ರ. ಕಣ್ಣು ಕಳೆದುಕೊಂಡ ನಿವೃತ್ತ ಮೇಜರ್ ಆಗಿ ಅಶೋಕ್ ಕುಮಾರ್, ಪೊಲೀಸ್ ಅಧಿಕಾರಿಯಾದ ಹಿರಿಯ ಮಗನಾಗಿ ರಾಜ್ ಕುಮಾರ್, ದಾರಿತಪ್ಪಿದ ಕಿರಿಯ ಮಗನಾಗಿ ಫಿರೋಜ್ ಖಾನ್ ನಟಿಸಿದರು. ಹುಡುಗಿಯೊಬ್ಬಳಿಗೆ ಮಾತುಕೊಟ್ಟು ಕೈಬಿಡುವ ಈ ಮಗ ಆಕೆಯ ಸಾವಿಗೆ ಕಾರಣನಾಗುತ್ತಾನೆ, ಕೊನೆಗೆ ತಾನೂ ಕೊಲೆಯಾಗುತ್ತಾನೆ. ಘನತೆಯ ಇಬ್ಬರು ಹಿರಿಯ ನಟರ ನಡುವೆ ದುರ್ಬಲ ಮನಸ್ಸಿನ, ಆದರೆ ಆಕರ್ಷಕನಾದ ಯುವಕನನ್ನು ಫಿರೋಜ್ ಖಾನ್ ನಿರೂಪಿಸಿದ ಬಗೆ ಗಮನ ಸೆಳೆಯಿತು. ಆ ಪಾತ್ರದ ಹೆಸರು ರಜನಿಕಾಂತ್. ಹತ್ತು ವರ್ಷಗಳ ಬಳಿಕ ಬಾಲಚಂದರ್, ಬೆಂಗಳೂರಿನಲ್ಲಿ ಬಸ್ ಕಂಡಕ್ಟರ್ ಆಗಿದ್ದ ಶಿವಾಜಿರಾವ್ ಗಾಯಕವಾಡ್ ಅವರನ್ನು ಚಿತ್ರರಂಗಕ್ಕೆ ತಂದಾಗ ತಮ್ಮ ನಾಟಕದ ಇದೇ ಹೆಸರನ್ನು ಅವರಿಗಿಟ್ಟರು. ಹೀಗೆ ಆ ಹೆಸರಿನ ಪಾತ್ರವನ್ನು ಹಿಂದಿಯಲ್ಲಿ ನಿರ್ವಹಿಸಿದವರೂ ಆ ಹೆಸರನ್ನು ಮುಂದೆ ಜಗತ್ಪ್ರಸಿದ್ಧಗೊಳಿಸಿದವರೂ ಬೆಂಗಳೂರಿನವರೇ.

ಅದೇ ವರ್ಷದ ‘ಆರ್ಜೂ’ ರಮಾನಂದ ಸಾಗರ್ ನಿರ್ದೇಶಿಸಿದ, ರಾಜೇಂದ್ರ ಕುಮಾರ್ ಹಾಗೂ ಸಾಧನಾ ಮುಖ್ಯ ಪಾತ್ರದಲ್ಲಿದ್ದ ಭಾರೀ ಯಶಸ್ಸಿನ ಚಿತ್ರ. ನಾಯಕನ ಗೆಳೆಯನಾಗಿ, ತಿಳಿಯದೆ ಅದೇ ಹುಡುಗಿಯನ್ನು ಪ್ರೀತಿಸುವ ಎರಡನೆಯ ನಾಯಕನಾಗಿ ಫಿರೋಜ್ ಖಾನ್ ಇದರಲ್ಲಿ ಅಭಿನಯಿಸಿದರು. ದೊಡ್ಡ ನಿರ್ಮಾಣಸಂಸ್ಥೆಗಳ ಬಾಗಿಲು ಅವರಿಗೆ ತೆರೆದದ್ದು ಇದರಿಂದಲೇ. ಎರಡು ವರ್ಷಗಳ ನಂತರದ ‘ರಾತ್ ಔರ್ ದಿನ್’ (1967) ನರ್ಗಿಸ್ ಅವರ ಕೊನೆಯ ಚಿತ್ರ. ಹಗಲು ಗೃಹಿಣಿಯಾಗಿ ಇರುಳು ಬೇರೊಂದು ವ್ಯಕ್ತಿತ್ವ ತಾಳುವ ಹೆಣ್ಣಿನ ಈ ಕಥೆಯಲ್ಲಿ, ಆಕೆಯ ಇರುಳಿನ ಬದುಕಿಗೆ ಸೇರಿದ ಗೆಳೆಯನ ಪಾತ್ರ ಅವರದಾಗಿತ್ತು.

ಬಿ.ಆರ್. ಚೋಪ್ರಾ ನಿರ್ಮಿಸಿ ಯಶ್ ಚೋಪ್ರಾ ನಿರ್ದೇಶಿಸಿದ ‘ಆದ್ಮಿ ಔರ್ ಇನ್ಸಾನ್’ (1969) ಅವರ ಪೋಷಕ ಪಾತ್ರಗಳಲ್ಲಿ ಅತ್ಯಂತ ಮುಖ್ಯವಾದುದು. ಧರ್ಮೇಂದ್ರ ಇದರ ನಾಯಕ. ಬಡ ಗೆಳೆಯನ ಓದಿಗೆ ನೆರವಾಗಿ, ಬಳಿಕ ಅಸೂಯೆ ಮತ್ತು ವ್ಯವಹಾರದ ಕಾರಣಗಳಿಂದ ಅವನಿಗೇ ಎದುರಾಳಿಯಾಗುವ ಶ್ರೀಮಂತ ಉದ್ಯಮಿ ಜೆ.ಕೆ.ಯಾಗಿ ಫಿರೋಜ್ ಖಾನ್ ನಟಿಸಿದರು. ಈ ಪಾತ್ರವನ್ನು ಖಳನೆಂದು ಪೂರ್ತಿಯಾಗಿ ಕರೆಯಲಾಗದು. ಉದಾರಿಯೂ ಹೌದು, ತನ್ನ ಉಪಕಾರಕ್ಕೆ ವಿಧೇಯತೆಯನ್ನು ಬಯಸುವವನೂ ಹೌದು. ಫಿಲ್ಮ್‌ಫೇರ್ ಪೋಷಕ ನಟ ಪ್ರಶಸ್ತಿ ಬಂದದ್ದು ಈ ಪಾತ್ರಕ್ಕೆ. ಮರುವರ್ಷದ ‘ಸಫರ್’ (1970) ಚಿತ್ರದಲ್ಲೂ ಅವರದು ಇಂಥದೇ ಇಬ್ಬಂದಿಯ ವ್ಯಕ್ತಿ. ಅಸಿತ್ ಸೇನ್ ನಿರ್ದೇಶನದ ಈ ಚಿತ್ರದಲ್ಲಿ ರಾಜೇಶ್ ಖನ್ನಾ ಕ್ಯಾನ್ಸರ್ ಪೀಡಿತ ಕಲಾವಿದ, ಶರ್ಮಿಳಾ ಟಾಗೋರ್ ವೈದ್ಯೆ. ಆಕೆಯನ್ನು ಮದುವೆಯಾಗಿ, ಸಂಶಯದಿಂದ ಕುಗ್ಗಿ, ಕೊನೆಗೆ ಪ್ರಾಣ ಕಳೆದುಕೊಳ್ಳುವ ಪತಿಯ ಪಾತ್ರದಲ್ಲಿ ಫಿರೋಜ್ ಖಾನ್ ಅವರ ಅಭಿನಯ ಸಂಯಮದಿಂದ ಕೂಡಿದೆ. ಮುಂದೆ ತಮ್ಮ ಸ್ವಂತ ಚಿತ್ರಗಳಲ್ಲಿ ಅವರು ಬೆಳೆಸಿಕೊಂಡ ಧೀಮಾಕಿನ ಶೈಲಿಯನ್ನಷ್ಟೇ ಬಲ್ಲ ಪ್ರೇಕ್ಷಕರಿಗೆ ‘ಸಫರ್’ ಅಚ್ಚರಿ ತರುತ್ತದೆ. ನಟನಾಗಿ ಅವರ ಸಾಮರ್ಥ್ಯ ಹೆಚ್ಚು ಸ್ಪಷ್ಟವಾಗಿ ಕಾಣುವುದು ಕಥೆಯ ಭಾರ ಬೇರೆಯವರ ಹೆಗಲ ಮೇಲಿದ್ದ ಇಂಥ ಚಿತ್ರಗಳಲ್ಲಿಯೇ.

ಕುದುರೆ ಸವಾರ

1970ರ ದಶಕದ ನಡುವೆ ಹಿಂದಿಯಲ್ಲಿ ವೆಸ್ಟರ್ನ್ ಮಾದರಿಯ ಚಿತ್ರಗಳಿಗೆ ಕಾಲ ಕೂಡಿಬಂದಿತು. ಇಟಲಿಯ ನಿರ್ದೇಶಕ ಸೆರ್ಜಿಯೋ ಲಿಯೋನ್ ಅವರ ಚಿತ್ರಗಳ ಪ್ರಭಾವವನ್ನು ಚಂಬಲ್ ಕಣಿವೆಯ ಡಕಾಯಿತರ ಕಥೆಗಳಿಗೆ ಬೆಸೆದ ಚಿತ್ರಗಳಿವು. ನರೇಂದ್ರ ಬೇಡಿ ನಿರ್ದೇಶನದ ‘ಖೋಟೆ ಸಿಕ್ಕೆ’ (1974) ಇವುಗಳಲ್ಲಿ ಗಮನಾರ್ಹವಾದುದು. ಡಕಾಯಿತನಿಂದ ನೊಂದ ಹಳ್ಳಿಯೊಂದನ್ನು ಕಾಯಲು ಪಟ್ಟಣದ ಐವರು ಪುಡಿಗಳ್ಳರು ಬರುತ್ತಾರೆ. ಅದೇ ಡಕಾಯಿತನ ಮೇಲೆ ಹಳೆಯ ಹಗೆಯಿರುವ ಒಂಟಿ ಸವಾರನಾಗಿ ಫಿರೋಜ್ ಖಾನ್ ನಡುನಡುವೆ ಕಾಣಿಸಿಕೊಳ್ಳುತ್ತಾರೆ. ಮಾತು ಕಡಿಮೆ, ಗತ್ತು ಹೆಚ್ಚು. ಇದೇ ಬಗೆಯ ವಸ್ತುವನ್ನು ಬಹುದೊಡ್ಡ ಪ್ರಮಾಣದಲ್ಲಿ ಬಳಸಿ, ರಾಮನಗರದ ಬಂಡೆಗಳ ನಡುವೆ ಚಿತ್ರೀಕರಿಸಿದ ‘ಶೋಲೆ’ ತೆರೆಗೆ ಬಂದದ್ದು ಮರುವರ್ಷ, 1975ರ ಆಗಸ್ಟ್‌ನಲ್ಲಿ. ‘ಶೋಲೆ’ಯ ಹೊಳಪಿನಲ್ಲಿ ‘ಖೋಟೆ ಸಿಕ್ಕೆ’ ಮಸುಕಾದರೂ ಈ ಪ್ರಕಾರವನ್ನು ಅಧ್ಯಯನ ಮಾಡುವವರು ಅದನ್ನು ಬಿಟ್ಟು ಮುಂದೆ ಹೋಗುವಂತಿಲ್ಲ. ಅಫೀಮು ವ್ಯಾಪಾರವನ್ನು ವಸ್ತುವಾಗುಳ್ಳ ‘ಕಾಲಾ ಸೋನಾ’ (1975) ಇದೇ ಜಾಡಿನದು. ಎರಡಕ್ಕೂ ಆರ್.ಡಿ. ಬರ್ಮನ್ ಸಂಗೀತ ನೀಡಿದರು.

ಇತರ ಪ್ರಕಾರಗಳಲ್ಲೂ ಅವರು ಕೈಯಾಡಿಸಿದರು. ರಾಜ್‌ಕುಮಾರ್ ಕೊಹ್ಲಿ ಅವರ ‘ನಾಗಿನ್’ (1976) ಚಿತ್ರದಲ್ಲಿ ಇಚ್ಛಾಧಾರಿ ನಾಗಿನಿಯ ಸೇಡಿಗೆ ಒಬ್ಬೊಬ್ಬರಾಗಿ ಗುರಿಯಾಗುವ ಗೆಳೆಯರ ತಂಡದಲ್ಲಿ ಸುನೀಲ್ ದತ್, ಸಂಜಯ್ ಖಾನ್, ಕಬೀರ್ ಬೇಡಿ ಮೊದಲಾದವರೊಂದಿಗೆ ಇವರೂ ಇದ್ದರು. ‘ಜಾದೂ ಟೋನಾ’ (1977) ದೆವ್ವ ಮೆಟ್ಟಿಕೊಂಡ ಬಾಲಕಿಯ ಭಯಾನಕ ಕಥೆ. ‘ಶಂಕರ್ ಶಂಭು’ (1976) ಡಕಾಯಿತರ ಚಿತ್ರ. ಇದರಲ್ಲಿ ಜೊತೆಯಾಗಿದ್ದ ವಿನೋದ್ ಖನ್ನಾ ಮುಂದೆ ಅವರ ಅತ್ಯಂತ ಯಶಸ್ವಿ ಚಿತ್ರದ ಪಾಲುದಾರರಾದರು.

ನಿರ್ಮಾಪಕ–ನಿರ್ದೇಶಕ

ಪೋಷಕ ನಟ ಪ್ರಶಸ್ತಿ ಬಂದ ಮೇಲೂ ದೊಡ್ಡ ನಿರ್ಮಾಪಕರು ತಮ್ಮನ್ನು ಏಕೈಕ ನಾಯಕನನ್ನಾಗಿಸಿ ಚಿತ್ರ ತೆಗೆಯುವುದನ್ನು ಫಿರೋಜ್ ಖಾನ್ ಕಾಯುತ್ತ ಕೂರಲಿಲ್ಲ. ಎಫ್.ಕೆ. ಇಂಟರ್‌ನ್ಯಾಷನಲ್ ಎಂಬ ಸ್ವಂತ ಸಂಸ್ಥೆಯ ಮೂಲಕ ನಿರ್ಮಾಪಕರೂ ನಿರ್ದೇಶಕರೂ ಆದರು. ಬಿ ದರ್ಜೆಯ ಚಿತ್ರಗಳ ವಸ್ತುವನ್ನು ಅವರು ಬಿಡಲಿಲ್ಲ. ಕಳ್ಳತನ, ವೇಗ, ಸೇಡು, ಕುದುರೆ, ಬಂದೂಕು – ಎಲ್ಲವೂ ಹಾಗೆಯೇ ಉಳಿದವು. ಅವುಗಳಿಗೆ ದೊಡ್ಡ ಬಂಡವಾಳ, ವಿದೇಶೀ ತಾಣ, ಹೆಸರಾಂತ ತಾರೆಯರು, ನುರಿತ ಛಾಯಾಗ್ರಾಹಕರು ಸೇರಿಕೊಂಡರು. ಅವರ ಚಲನಚಿತ್ರ ಜೀವನದ ನಿಜವಾದ ಸಾಧನೆ ಇದೇ ಎನ್ನಬಹುದು.

ಮೊದಲ ಚಿತ್ರ ‘ಅಪರಾಧ್’ (1972). ಇದಕ್ಕಾಗಿ ಜರ್ಮನಿಯಲ್ಲಿ ಕಾರುಗಳ ಪಂದ್ಯವನ್ನು ಚಿತ್ರೀಕರಿಸಲಾಯಿತು. ಆ ಕಾಲದ ಹಿಂದಿ ಪ್ರೇಕ್ಷಕರಿಗೆ ಅದೊಂದು ಹೊಸ ನೋಟ.

ಎರಡನೆಯ ಚಿತ್ರ ‘ಧರ್ಮಾತ್ಮಾ’ (1975) ಅಫ್ಘಾನಿಸ್ತಾನದಲ್ಲಿ ಚಿತ್ರೀಕರಣಗೊಂಡ ಮೊದಲ ಭಾರತೀಯ ಚಿತ್ರವೆಂದು ಪ್ರಸಿದ್ಧವಾಗಿದೆ. ಅಮೆರಿಕದ ‘ದಿ ಗಾಡ್‌ಫಾದರ್’ ಚಿತ್ರದಿಂದ ಪ್ರೇರಿತವಾದ ಇದರಲ್ಲಿ, ಭೂಗತ ಸಾಮ್ರಾಜ್ಯ ನಡೆಸುವ ತಂದೆಯಾಗಿ ಪ್ರೇಮನಾಥ್, ತಂದೆಯ ದಂಧೆಯನ್ನು ಒಪ್ಪದೆ ದೂರ ಹೋಗುವ ಮಗನಾಗಿ ಫಿರೋಜ್ ಖಾನ್, ಅಲೆಮಾರಿ ಬುಡಕಟ್ಟಿನ ಹುಡುಗಿಯಾಗಿ ಹೇಮಾ ಮಾಲಿನಿ ನಟಿಸಿದರು. ರೇಖಾ, ಡ್ಯಾನಿ, ದಾರಾ ಸಿಂಗ್ ಇತರ ಪಾತ್ರಗಳಲ್ಲಿದ್ದರು. ಮೇಕೆಯ ಕಳೇಬರಕ್ಕಾಗಿ ಕುದುರೆ ಸವಾರರು ಸೆಣಸುವ ಬುಜ್ಕಶಿ ಎಂಬ ಅಫ್ಘನ್ ಆಟದ ದೃಶ್ಯಗಳನ್ನು ಆಕಾಶದಿಂದಲೂ ನೆಲದಿಂದಲೂ ಸೆರೆಹಿಡಿಯಲಾಯಿತು. ಛಾಯಾಗ್ರಾಹಕ ಕಮಲ್ ಬೋಸ್ ಅವರಿಗೆ ಈ ಚಿತ್ರ ಫಿಲ್ಮ್‌ಫೇರ್ ಪ್ರಶಸ್ತಿ ತಂದಿತು. 1979ರ ಸೋವಿಯತ್ ಸೇನೆಯ ಪ್ರವೇಶ ಹಾಗೂ ಅದರ ಬೆನ್ನಿಗೆ ಬಂದ ಯುದ್ಧಗಳಿಗೆ ಮೊದಲಿನ ಅಫ್ಘಾನಿಸ್ತಾನವನ್ನು ವರ್ಣದಲ್ಲಿ, ವಿಶಾಲವಾಗಿ ಕಾಣಲು ಸಾಧ್ಯವಾಗುವ ಚಿತ್ರಗಳಲ್ಲಿ ಇದೂ ಒಂದು. ತಂದೆಯ ಪೂರ್ವಿಕರ ನಾಡಿಗೆ ಮಗ ಕ್ಯಾಮೆರಾ ಹಿಡಿದು ಹೋದದ್ದು ಕೇವಲ ವ್ಯಾಪಾರದ ಲೆಕ್ಕಾಚಾರವಾಗಿರಲಾರದು.

‘ಕುರ್ಬಾನಿ’

1980ರ ‘ಕುರ್ಬಾನಿ’ ಫಿರೋಜ್ ಖಾನ್ ಅವರ ಅತ್ಯಂತ ಯಶಸ್ವಿ ಚಿತ್ರ. ಒಬ್ಬಳನ್ನೇ ಪ್ರೀತಿಸುವ ಇಬ್ಬರು ಗೆಳೆಯರ ಕಥೆಯಿದು. ನಾಯಕಿಯಾಗಿ ಜೀನತ್ ಅಮಾನ್, ಗೆಳೆಯನಾಗಿ ವಿನೋದ್ ಖನ್ನಾ, ಚತುರ ಪೊಲೀಸ್ ಅಧಿಕಾರಿಯಾಗಿ ಅಮ್ಜದ್ ಖಾನ್ ಅಭಿನಯಿಸಿದರು. ಶೀರ್ಷಿಕೆ ಸೂಚಿಸುವ ಬಲಿದಾನ ಮಾಡುವ ಪಾತ್ರ ನಿರ್ಮಾಪಕ–ನಿರ್ದೇಶಕರದಲ್ಲ, ವಿನೋದ್ ಖನ್ನಾ ಅವರದು. ಪ್ರೇಕ್ಷಕರ ಕಣ್ಣೀರೆಲ್ಲ ಸಲ್ಲುವುದು ಅವರಿಗೇ. ಹತ್ತು ವರ್ಷಗಳ ಹಿಂದೆ ಬೇರೆಯವರ ಚಿತ್ರಗಳಲ್ಲಿ ತಾವು ಮಾಡಿದ್ದ ಎರಡನೆಯ ನಾಯಕನ ಪಾತ್ರದ ಬಲವೇನೆಂಬುದನ್ನು ಫಿರೋಜ್ ಖಾನ್ ಚೆನ್ನಾಗಿ ಅರಿತಿದ್ದರು.

ಚಿತ್ರದ ಬಹುತೇಕ ಗೀತೆಗಳಿಗೆ ಕಲ್ಯಾಣಜಿ–ಆನಂದಜಿ ಸಂಗೀತ ಸಂಯೋಜಿಸಿದರೂ ದೇಶವನ್ನು ಕುಣಿಸಿದ ಡಿಸ್ಕೋ ಗೀತೆಯೊಂದನ್ನು ಸಂಯೋಜಿಸಿದವರು ಲಂಡನ್‌ನಲ್ಲಿ ನೆಲೆಸಿದ್ದ ಬಿಡ್ಡು. ಕೊಡವ ಮನೆತನದ ಬಿಡ್ಡು ಅಪ್ಪಯ್ಯ ಅವರೂ ಬೆಂಗಳೂರಿನಲ್ಲಿ ಬೆಳೆದು ಬಿಷಪ್ ಕಾಟನ್ ಶಾಲೆಯಲ್ಲಿ ಓದಿದವರು. ಟ್ರೋಜನ್ಸ್ ಎಂಬ ಬ್ಯಾಂಡಿನಲ್ಲಿ ಹಾಡಿ, 1960ರ ದಶಕದಲ್ಲಿ ಇಂಗ್ಲೆಂಡಿಗೆ ಹೋಗಿ, 1974ರ ‘ಕುಂಗ್ ಫು ಫೈಟಿಂಗ್’ ಗೀತೆಯ ನಿರ್ಮಾಪಕರಾಗಿ ವಿಶ್ವಖ್ಯಾತಿ ಪಡೆದಿದ್ದರು. ‘ಕುರ್ಬಾನಿ’ಯ ಗೀತೆಯನ್ನು ಹಾಡಿದ್ದು ಪಾಕಿಸ್ತಾನಿ ಮೂಲದ, ಆಗ ಹದಿನೈದರ ಆಸುಪಾಸಿನಲ್ಲಿದ್ದ ನಾಜಿಯಾ ಹಸನ್. ಆ ಹಾಡಿಗೆ ಆಕೆ ಅತ್ಯುತ್ತಮ ಹಿನ್ನೆಲೆ ಗಾಯಕಿಯೆಂದು ಫಿಲ್ಮ್‌ಫೇರ್ ಪ್ರಶಸ್ತಿ ಪಡೆದರು. ಉಪಖಂಡದ ಪಾಪ್ ಸಂಗೀತದ ಚರಿತ್ರೆಯಲ್ಲಿ ಹೊಸ ಘಟ್ಟವೆನಿಸಿದ ಈ ಗೀತೆಯ ಹಿಂದೆ ದಂಡು ಪ್ರದೇಶದ ಒಂದೇ ಶಾಲೆಯ ಇಬ್ಬರು ಹಳೆಯ ವಿದ್ಯಾರ್ಥಿಗಳಿದ್ದುದು ಬೆಂಗಳೂರಿನಲ್ಲಿಯೂ ಅನೇಕರಿಗೆ ತಿಳಿಯದು.

ನಂತರದ ಚಿತ್ರಗಳು

‘ಜಾಂಬಾಜ್’ (1986) ಚಿತ್ರದಲ್ಲಿ ಮಾದಕವಸ್ತುಗಳ ವಿರುದ್ಧ ಹೋರಾಡುವ ಪೊಲೀಸ್ ಅಧಿಕಾರಿಯಾಗಿ ಫಿರೋಜ್ ಖಾನ್, ಆತನ ತಮ್ಮನಾಗಿ ಅನಿಲ್ ಕಪೂರ್ ನಟಿಸಿದರು. ಡಿಂಪಲ್ ಕಪಾಡಿಯಾ ನಾಯಕಿ. ಶ್ರೀದೇವಿ ಅವರದು ಚಿಕ್ಕದಾದರೂ ಮರೆಯಲಾಗದ ಪಾತ್ರ. ‘ದಯಾವಾನ್’ (1988) ಮಣಿರತ್ನಂ ಅವರ ತಮಿಳು ಚಿತ್ರ ‘ನಾಯಕನ್’ (1987) ನ ಪುನರ್ನಿರ್ಮಾಣ. ಕಮಲ್ ಹಾಸನ್ ಅವರ ಪಾತ್ರವನ್ನು ಹಿಂದಿಯಲ್ಲಿ ವಿನೋದ್ ಖನ್ನಾ ಅವರಿಗೆ ವಹಿಸಿ, ನಿರ್ದೇಶಕರಾದ ಫಿರೋಜ್ ಖಾನ್ ನ್ಯಾಯವಾಗಿ ತಮ್ಮದಾಗಿಸಿಕೊಳ್ಳಬಹುದಾಗಿದ್ದ ನಾಯಕನ ಸ್ಥಾನವನ್ನು ಬಿಟ್ಟುಕೊಟ್ಟು ಗೆಳೆಯನ ಪಾತ್ರ ಮಾಡಿದರು. ಚಿತ್ರ ಮೂಲದ ಮಟ್ಟಕ್ಕೆ ಏರಲಿಲ್ಲವೆಂಬುದು ಸಾಮಾನ್ಯ ಅಭಿಪ್ರಾಯ.

‘ಯಲ್ಗಾರ್’ (1992) ಈಗ ನೆನಪಾಗುವುದು ಹೆಚ್ಚಾಗಿ ಅದರ ಪಾತ್ರ ಹಂಚಿಕೆಯ ಒಂದು ವಿಚಿತ್ರದಿಂದ. ಐವತ್ತು ದಾಟಿದ ಫಿರೋಜ್ ಖಾನ್ ಅವರಿಗೆ ಅದರಲ್ಲಿ ತಂದೆಯಾಗಿ ನಟಿಸಿದವರು ಅವರಿಗಿಂತ ಬಹಳ ಕಿರಿಯರಾದ ಮುಕೇಶ್ ಖನ್ನಾ. ‘ಕುರ್ಬಾನಿ’, ‘ಜಾಂಬಾಜ್’, ‘ಯಲ್ಗಾರ್’ ಮೂರರಲ್ಲೂ ಫಿರೋಜ್ ಖಾನ್ ಪಾತ್ರದ ಹೆಸರು ರಾಜೇಶ್ ಎಂಬುದನ್ನೂ ಅಭಿಮಾನಿಗಳು ಗುರುತಿಸುತ್ತಾರೆ. ಮಗ ಫರ್ದೀನ್ ಖಾನ್ ಅವರನ್ನು ಪರಿಚಯಿಸಲು ನಿರ್ದೇಶಿಸಿದ ‘ಪ್ರೇಮ್ ಅಗ್ಗನ್’ (1998) ಸೋತರೂ ಫರ್ದೀನ್ ಅವರಿಗೆ ಹೊಸ ನಟರಿಗಾಗಿ ಇರುವ ಫಿಲ್ಮ್‌ಫೇರ್ ಪ್ರಶಸ್ತಿ ಲಭಿಸಿತು. ‘ಜಾನಶೀನ್’ (2003) ಅವರು ನಿರ್ದೇಶಿಸಿದ ಕೊನೆಯ ಚಿತ್ರ. ಅದರಲ್ಲಿ ಮಗನಿಗೆ ಎದುರಾಗಿ ಖಳನಾಯಕನ ಪಾತ್ರವನ್ನು ತಾವೇ ವಹಿಸಿಕೊಂಡರು. 2000ರ ದಶಕದ ಆರಂಭದಲ್ಲಿ ಫಿಲ್ಮ್‌ಫೇರ್ ಜೀವಮಾನ ಸಾಧನೆ ಪ್ರಶಸ್ತಿ ಅವರಿಗೆ ಸಂದಿತು.

ಕೊನೆಯ ಚಿತ್ರ ಅನೀಸ್ ಬಜ್ಮಿ ನಿರ್ದೇಶನದ ಹಾಸ್ಯಚಿತ್ರ ‘ವೆಲ್ಕಮ್’ (2007). ಭೂಗತ ಲೋಕದ ದೊರೆಗಳಾದ ನಾನಾ ಪಾಟೇಕರ್ ಮತ್ತು ಅನಿಲ್ ಕಪೂರ್ ಇಬ್ಬರೂ ಹೆದರುವ ಮಹಾದೊರೆ ಆರ್.ಡಿ.ಎಕ್ಸ್. ಆಗಿ ಅವರು ಚಿತ್ರದ ಉತ್ತರಾರ್ಧದಲ್ಲಿ ಪ್ರವೇಶಿಸುತ್ತಾರೆ. ನಾಲ್ಕು ದಶಕಗಳ ಕಾಲ ತಾವೇ ರೂಪಿಸಿದ ಗತ್ತಿನ ವ್ಯಕ್ತಿತ್ವವನ್ನು ಇಲ್ಲಿ ಗಂಭೀರ ಮುಖದಿಂದಲೇ ಗೇಲಿಗೆ ಒಡ್ಡಿದ್ದಾರೆ. ಅವರ ಹಳೆಯ ಚಿತ್ರಗಳನ್ನು ನೋಡದ ತಲೆಮಾರಿಗೆ ಫಿರೋಜ್ ಖಾನ್ ಪರಿಚಿತರಾದದ್ದು ಈ ಪೋಷಕ ಪಾತ್ರದಿಂದ.

ಪಾಕಿಸ್ತಾನ ಭೇಟಿಯ ವಿವಾದ

2006ರಲ್ಲಿ ಸೋದರ ಅಕ್ಬರ್ ಖಾನ್ ನಿರ್ದೇಶಿಸಿದ ‘ತಾಜ್ ಮಹಲ್’ ಚಿತ್ರದ ಪ್ರಚಾರಕ್ಕಾಗಿ ಫಿರೋಜ್ ಖಾನ್ ಲಾಹೋರಿಗೆ ಹೋಗಿದ್ದರು. ಅಲ್ಲಿನ ಸಮಾರಂಭವೊಂದರಲ್ಲಿ ಅವರು ಭಾರತದ ಜಾತ್ಯತೀತ ವ್ಯವಸ್ಥೆಯನ್ನೂ ಅದರಲ್ಲಿ ಮುಸ್ಲಿಮರು ಸಾಧಿಸಿರುವ ಮುನ್ನಡೆಯನ್ನೂ ಹೊಗಳಿ, ಪಾಕಿಸ್ತಾನದ ಒಳಕಲಹಗಳನ್ನು ಟೀಕಿಸಿದರು. ಆತಿಥೇಯರ ನೆಲದಲ್ಲಿ ನಿಂತು ಆಡಿದ ಈ ಮಾತು ತೀವ್ರ ಅಸಮಾಧಾನಕ್ಕೆ ಕಾರಣವಾಯಿತು. ಪರ್ವೇಜ್ ಮುಷರ್ರಫ್ ನೇತೃತ್ವದ ಸರ್ಕಾರ ಅವರು ಮುಂದೆ ಆ ದೇಶವನ್ನು ಪ್ರವೇಶಿಸದಂತೆ ನಿಷೇಧ ಹೇರಿತು. ಭಾರತದಲ್ಲಿ ಅವರ ಮಾತಿಗೆ ಮೆಚ್ಚುಗೆ ವ್ಯಕ್ತವಾಯಿತು.

ಬೆಂಗಳೂರಿಗೆ ಮರಳಿಕೆ

ವೃತ್ತಿಜೀವನವೆಲ್ಲ ಮುಂಬಯಿಯಲ್ಲಿ ಕಳೆದರೂ ಫಿರೋಜ್ ಖಾನ್ ಹುಟ್ಟೂರಿನ ನಂಟನ್ನು ಬಿಡಲಿಲ್ಲ. ಬೆಂಗಳೂರಿನ ಹೊರವಲಯದಲ್ಲಿ ಅವರಿಗೆ ತೋಟದ ಮನೆಯಿತ್ತು. ತಮ್ಮ ಸಂಜಯ್ ಖಾನ್ ಅವರೂ ದೂರದರ್ಶನದ ‘ದಿ ಸ್ವೋರ್ಡ್ ಆಫ್ ಟಿಪ್ಪು ಸುಲ್ತಾನ್’ ಧಾರಾವಾಹಿಯ ಮೂಲಕ ಕರ್ನಾಟಕಕ್ಕೆ ಮರಳಿದವರು. ಆ ಧಾರಾವಾಹಿಯ ಚಿತ್ರೀಕರಣದ ವೇಳೆ 1989ರ ಫೆಬ್ರುವರಿಯಲ್ಲಿ ಮೈಸೂರಿನ ಪ್ರೀಮಿಯರ್ ಸ್ಟುಡಿಯೋದಲ್ಲಿ ಸಂಭವಿಸಿದ ಭೀಕರ ಅಗ್ನಿದುರಂತ ನಾಡಿನ ಜನರ ನೆನಪಿನಲ್ಲಿದೆ.

ಶ್ವಾಸಕೋಶದ ಕ್ಯಾನ್ಸರ್‌ನಿಂದ ಬಳಲುತ್ತಿದ್ದ ಫಿರೋಜ್ ಖಾನ್ ಮುಂಬಯಿಯಲ್ಲಿ ಚಿಕಿತ್ಸೆ ಪಡೆಯುತ್ತಿದ್ದರು. ಕೊನೆಯ ದಿನಗಳನ್ನು ಬೆಂಗಳೂರಿನಲ್ಲಿ ಕಳೆಯಬೇಕೆಂಬುದು ಅವರ ಇಚ್ಛೆಯಾಗಿತ್ತು. ಅದರಂತೆ ಅವರನ್ನು ತೋಟದ ಮನೆಗೆ ಕರೆತರಲಾಯಿತು. 2009ರ ಏಪ್ರಿಲ್ 27ರಂದು ಅಲ್ಲಿಯೇ ನಿಧನರಾದರು. ಆಗ ಅವರಿಗೆ 69 ವರ್ಷ. ‘ಕುರ್ಬಾನಿ’ ಮತ್ತು ‘ದಯಾವಾನ್’ ಚಿತ್ರಗಳ ಜೊತೆಗಾರ ವಿನೋದ್ ಖನ್ನಾ ತೀರಿಕೊಂಡದ್ದೂ ಕ್ಯಾನ್ಸರ್‌ನಿಂದಲೇ, ಎಂಟು ವರ್ಷಗಳ ನಂತರದ ಅದೇ ಏಪ್ರಿಲ್ 27ರಂದು.

ಫಿರೋಜ್ ಖಾನ್ ಅವರ ಅಂತ್ಯಕ್ರಿಯೆ ಹೊಸೂರು ರಸ್ತೆಯ ಶಿಯಾ ಖಬರಸ್ತಾನದಲ್ಲಿ ನೆರವೇರಿತು. ಅವರ ಸಮಾಧಿ ತಾಯಿಯ ಸಮಾಧಿಯ ಸಮೀಪದಲ್ಲಿದೆ.